ನಾನು ಬಿಟ್ಟ ಮೊದಲ ಪುಟ

ಹೋದ ಮಾಘಮಾಸದಲ್ಲಿ ನಮ್ಮ ಶಾಲೆಯ ಗಣಿತದ ಟೀಚರ್ ತಾವು ಕೊಂಡ ಫ್ಲ್ಯಾಟಿನ ಗೃಹಪ್ರವೇಶಕ್ಕೆ ಕರೆದಿದ್ದರು. ಬೂದಿಗೆರೆ ರಸ್ತೆಯಲ್ಲಿ ಹೊಸದಾಗಿ ಎದ್ದ ಕಟ್ಟಡ; ಸುತ್ತ ಎಲ್ಲ ಬದಲಾಗಿ ಜಾಗದ ಗುರುತೇ ಸಿಗುತ್ತಿರಲಿಲ್ಲ. ಹೊಸಕೋಟೆಯಿಂದ ನಾವು ನಾಲ್ವರು ಟೀಚರುಗಳು ಒಂದೇ ಕಾರಿನಲ್ಲಿ ಹೋದೆವು. ಹೋಮದ ಹೊಗೆ ತಡೆಯಲಾರದೆ ನಾನು ಕೆಳಗಿಳಿದು ಕಟ್ಟಡದ ಹಿಂದಕ್ಕೆ ಹೋದೆ. ಅಲ್ಲಿ ಶಾಮಿಯಾನದ ಕೆಳಗೆ ಅಡುಗೆಯವರು ಅಗಲವಾದ ಬಾಣಲೆಯಲ್ಲಿ ಮೆಂತ್ಯ ಹುರಿಯುತ್ತಿದ್ದರು. ಮೆಂತ್ಯ ಕೆಂಪಗಾಗುವುದಕ್ಕೆ ಸ್ವಲ್ಪ ಮುಂಚೆ ಕಹಿಯೂ ಅಲ್ಲದ, ಸಿಹಿಯೂ ಅಲ್ಲದ ಒಂದು ಘಮ ಏಳುತ್ತದೆ. ಅದು ಮೂಗಿಗೆ ಬಡಿದದ್ದೇ ತಡ, ನನ್ನ ಕಾಲು ನಿಂತವು. ತಲೆಯೆತ್ತಿ ನೋಡಿದೆ. ಕಾಂಪೌಂಡಿನ ಆಚೆ ಕೆರೆ ಏರಿ, ಏರಿಯ ತುದಿಯಲ್ಲಿ ಎರಡು ಕವಲಿನ ಅರಳಿಮರ.

ಗೇಟಿನ ಕಾವಲುಗಾರನನ್ನು ಕೇಳಿದೆ: "ಇಲ್ಲಿ ಮುಂಚೆ ಏನಿತ್ತಪ್ಪಾ?"

"ಗೊತ್ತಿಲ್ಲ ಮೇಡಂ. ನಾನು ಬಂದು ಆರು ತಿಂಗ್ಳಾಯ್ತು."

ನನಗೆ ಗೊತ್ತಿತ್ತು. ನಾನು ಇಪ್ಪತ್ತಮೂರನೆಯ ವಯಸ್ಸಿನಲ್ಲಿ ಕೆಲಸ ಮಾಡಿದ ಆರೋಗ್ಯಧಾಮ ಇದ್ದದ್ದು ಅಲ್ಲೇ. ತಲೆನೋವೆಂದು ಸುಳ್ಳು ಹೇಳಿ ಊಟ ಮಾಡದೆ ಬಸ್ಸು ಹತ್ತಿ ಮನೆಗೆ ಬಂದೆ. ಆ ಒಂದು ಬೇಸಿಗೆಯ ಬಗ್ಗೆ ನಾನು ಹದಿನಾರು ವರ್ಷ ಯಾರ ಹತ್ತಿರವೂ ಬಾಯಿಬಿಟ್ಟಿರಲಿಲ್ಲ, ನನ್ನ ಗಂಡನ ಹತ್ತಿರವೂ.

ಅದು ದೇವನಹಳ್ಳಿಯ ವಿಮಾನ ನಿಲ್ದಾಣದ ಕೆಲಸ ಮುಗಿಯುತ್ತ ಬಂದಿದ್ದ ವರ್ಷ. ಹಗಲೆಲ್ಲ ಜಲ್ಲಿ ಹೇರಿಕೊಂಡ ಟಿಪ್ಪರ್‌ಗಳು ನಮ್ಮ ಬೂದಿಗೆರೆಯ ಮುಂದೆ ಹಾದುಹೋಗುತ್ತಿದ್ದವು. ರಸ್ತೆಬದಿಯ ಹುಣಸೆಮರಗಳ ಎಲೆಯಲ್ಲಿ ಹಸಿರು ಕಾಣದಷ್ಟು ಕೆಂಧೂಳು. ರಾಗಿ ಕುಯ್ದ ಎಷ್ಟೋ ಹೊಲಗಳಲ್ಲಿ ಮತ್ತೆ ಉಳುಮೆಯಾಗಲಿಲ್ಲ, ಕಲ್ಲುಕಂಬ ನೆಟ್ಟು ತಂತಿ ಎಳೆದಿದ್ದರು. ಊರಿನ ಹುಡುಗ ಹುಡುಗಿಯರೆಲ್ಲ ಏರ್‌ಪೋರ್ಟಿನ ಕೆಲಸಕ್ಕೆ ಅರ್ಜಿ ಹಾಕುತ್ತಿದ್ದರು. ನಾನೂ ಹಾಕಿದೆ. ಸಂದರ್ಶನದಲ್ಲಿ ಇಂಗ್ಲಿಷಿನಲ್ಲಿ ಎರಡು ವಾಕ್ಯ ಆಡಿ ಮೂರನೆಯದಕ್ಕೆ ತಡವರಿಸಿದೆ. ಕನ್ನಡ ಮೇಜರ್ ತೆಗೆದುಕೊಂಡು ಬಿ.ಎ. ಮಾಡಿದ್ದು ದಂಡವಾಯಿತೆಂದು ಅಮ್ಮ ಎಲ್ಲರ ಮುಂದೆ ಅನ್ನುತ್ತಿದ್ದಳು.

ಆಗ ಸಿಕ್ಕಿದ ಕೆಲಸ ಇದು. ಬೆಂಗಳೂರಿನ ಪ್ರಭಾಕರ್ ಎಂಬವರು ಕೆರೆಯ ಕೆಳಗಿನ ಜಮೀನು ಕೊಂಡು, ಹೆಂಚಿನ ಕುಟೀರಗಳನ್ನು ಕಟ್ಟಿಸಿ, ಆರೋಗ್ಯಧಾಮ ಎಂದು ಬೋರ್ಡು ಹಾಕಿದ್ದರು. ವಿಮಾನ ಇಳಿದವರು ನೇರ ಇಲ್ಲಿಗೆ ಬಂದು ಹತ್ತು ದಿನ ಇದ್ದು, ಹಿಂದಿನ ಕಾಲದವರ ಹಾಗೆ ಉಂಡು, ನಡೆದು, ಎಣ್ಣೆನೀರು ಹಾಕಿಕೊಂಡು ಹೋಗುತ್ತಾರೆ ಎನ್ನುವುದು ಅವರ ಲೆಕ್ಕಾಚಾರ. ಅವರು ಜೋರಾಗಿ ಮಾತಾಡುವ ಮನುಷ್ಯರಲ್ಲ. ನನ್ನ ಕಾಲೇಜು ಮ್ಯಾಗಜೀನಿನ ಲೇಖನವೊಂದನ್ನು ಪೂರ್ತಿ ಓದಿ, "ಚೆನ್ನಾಗಿ ಬರೀತೀರ ಗಾಯತ್ರಿ. ನಮಗೆ ಬೇಕಾಗಿರೋದು ಇದೇ" ಅಂದರು. ನನ್ನ ಬರವಣಿಗೆಯನ್ನು ಯಾರಾದರೂ ಬೇಕು ಅಂದದ್ದು ಅದೇ ಮೊದಲು.

"ಹಳೇ ಕಾಲದ ಆರೋಗ್ಯದ ಕ್ರಮ ಗೊತ್ತಿರೋರು ನಿಮ್ಮೂರಲ್ಲಿ ಯಾರಾದ್ರೂ ಇದ್ದಾರಾ?" ಎಂದು ಅವರು ಕೇಳಿದಾಗ ನಾನು ಒಂದು ಗಳಿಗೆಯೂ ಯೋಚಿಸದೆ ಹೇಳಿದ ಹೆಸರು ನಾರಾಯಣಪ್ಪ ಮೇಷ್ಟ್ರದ್ದು.

ಮೇಷ್ಟ್ರು ನನಗೆ ನಾಲ್ಕನೆಯ ಕ್ಲಾಸಿನಲ್ಲಿ ಪಾಠ ಹೇಳಿದವರು. ನಾನು ಈ ಕೆಲಸಕ್ಕೆ ಸೇರುವ ಹೊತ್ತಿಗೆ ಎಪ್ಪತ್ತು ದಾಟಿದ್ದರು. ಬೆಳಗಿನ ಜಾವ ಎದ್ದು ಕೆರೆ ಏರಿಯ ಮೇಲೆ ನಡೆದು ಬಂದು ಜಗಲಿಯ ಮೇಲೆ ಕೂತರೆ, ಒಬ್ಬರಲ್ಲ ಒಬ್ಬರು ಬಂದು ಏನಾದರೂ ಕೇಳುತ್ತಿದ್ದರು. ಬಾಣಂತಿಗೆ ಏನು ಕೊಡಬೇಕು, ಮಗುವಿಗೆ ಯಾವಾಗಿನಿಂದ ರಾಗಿ ಸರಿ ತಿನ್ನಿಸಬೇಕು, ಬಾವಿ ನೀರಿಗೆ ವಾಸನೆ ಬಂದರೆ ಏನು ಮಾಡಬೇಕು, ಇಂಥವು. ಜ್ವರ, ಎದೆನೋವು ಎಂದು ಬಂದವರನ್ನು ಕೂರಿಸಿಕೊಳ್ಳುತ್ತಲೇ ಇರಲಿಲ್ಲ. "ಆಸ್ಪತ್ರೆಗೆ ನಡಿ, ನಾನೂ ಬರ್ತೀನಿ" ಎಂದು ಚಪ್ಪಲಿ ಮೆಟ್ಟುತ್ತಿದ್ದರು.

ಅವರ ಹತ್ತಿರ ಒಂದು ಪುಸ್ತಕವಿತ್ತು. ಅಚ್ಚಿನದಲ್ಲ, ರಟ್ಟು ಹಾಕಿ ಹೊಲಿದ ಕೈಬರಹದ ದಪ್ಪ ಪುಸ್ತಕ. ನಾನು ಕೇಳಿಕೊಂಡು ಹೋದ ದಿನ ಅವರು ಅದನ್ನು ಪಂಚೆಯ ಮೇಲಿಟ್ಟುಕೊಂಡು ಒಂದೊಂದೇ ಹಾಳೆ ತಿರುವಿ ತೋರಿಸಿದರು.

"ನೋಡಮ್ಮ, ಇಷ್ಟು ನಮ್ಮ ತಾತ ಬರ್ದಿದ್ದು. ಅವರು ಪಂಡಿತರು, ನಾಡಿ ನೋಡೋರು. ಇಲ್ಲಿಂದ ನಮ್ಮಪ್ಪಂದು. ಅಪ್ಪ ಊರೂರು ತಿರುಗಿ ಸಿಡುಬಿಗೆ ದಾಕು ಹಾಕೋ ಕೆಲಸದಲ್ಲಿದ್ರು. ಕೊನೇದು ನಂದು."

ತಾತನ ಅಕ್ಷರ ದುಂಡಗೆ, ಒತ್ತಾಗಿ ಇತ್ತು. ಯಾವ ಋತುವಿನಲ್ಲಿ ಏನು ಉಣ್ಣಬೇಕು, ಎಷ್ಟು ಹೊತ್ತಿಗೆ ಏಳಬೇಕು, ಎಣ್ಣೆ ಯಾರಿಗೆ ಆಗುತ್ತದೆ, ಯಾರಿಗೆ ಆಗುವುದಿಲ್ಲ. ಹಗಲು ನಿದ್ದೆ ಬೇಸಿಗೆಯಲ್ಲಿ ಮಾತ್ರ. ಹೊಟ್ಟೆಯಲ್ಲಿ ಅರ್ಧ ಅನ್ನಕ್ಕೆ, ಕಾಲು ನೀರಿಗೆ, ಉಳಿದ ಕಾಲನ್ನು ಖಾಲಿ ಬಿಡತಕ್ಕದ್ದು. ಹಸಿವು, ಬಾಯಾರಿಕೆ, ಸೀನು, ನಿದ್ದೆ, ಕಣ್ಣೀರು ಇವು ಬಂದಾಗ ತಡೆಯಕೂಡದು. ಅಪ್ಪನ ಭಾಗದಲ್ಲಿ ಪ್ಲೇಗಿನ ನೆನಪಿತ್ತು: ಮನೆಯಲ್ಲಿ ಇಲಿ ಸತ್ತು ಬಿದ್ದ ದಿನವೇ ಮನೆ ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಳ್ಳುವುದು, ನೀರನ್ನು ಕುದಿಸಿ ಆರಿಸಿ ಬಟ್ಟೆಯಲ್ಲಿ ಶೋಧಿಸುವುದು, ದಾಕು ಹಾಕಿಸಿಕೊಳ್ಳಲು ಹೆದರುವವರ ಮುಂದೆ ಮೊದಲು ತನ್ನ ಮಗನಿಗೇ ಹಾಕುವುದು. ಮೇಷ್ಟ್ರ ಭಾಗ ಚಿಕ್ಕದು. ಊಟಕ್ಕೆ ಕೂತಾಗ ಜಗಳ ಬೇಡ. ಟಿಪ್ಪರ್ ಓಡಾಡುವ ರಸ್ತೆಯಲ್ಲಿ ವಾಕಿಂಗ್ ಬೇಡ.

"ಮೊದಲನೇ ಪುಟ ಓದು" ಅಂದರು.

ಓದಿದೆ. ತಾತನ ಅಕ್ಷರದಲ್ಲಿ ಎರಡೇ ಸಾಲು. "ಈ ಪುಸ್ತಕವು ಆರೋಗ್ಯವಾಗಿರುವವರು ಆರೋಗ್ಯವಾಗಿಯೇ ಇರುವುದಕ್ಕೆ. ರೋಗ ಬಂದವರು ಇದನ್ನು ಮುಚ್ಚಿಟ್ಟು ವೈದ್ಯನಲ್ಲಿಗೆ ಹೋಗತಕ್ಕದ್ದು."

"ಪಂಡಿತರೇ ಹಿಂಗೆ ಬರ್ದಿದಾರಲ್ಲ ಮೇಷ್ಟ್ರೆ" ಎಂದೆ ನಾನು ನಗುತ್ತ.

"ಹೂಂ ಕಣಮ್ಮ. ಇರೋದನ್ನ ಕಾಪಾಡ್ಕೊಳೋದು ಬೇರೆ, ಹೋದದ್ದನ್ನ ತರೋದು ಬೇರೆ. ತಾತಂಗೆ ಅದು ಗೊತ್ತಿತ್ತು. ಒಳಗಿರೋದೆಲ್ಲ ಈ ಎರಡು ಸಾಲಿನ ಮೇಲೆ ನಿಂತಿರೋದು." ಪುಸ್ತಕವನ್ನು ನನ್ನ ಕೈಗೆ ಕೊಡುತ್ತ ಅವರು ಒಂದೇ ಒಂದು ಮಾತು ಕೇಳಿದರು. "ಅಚ್ಚಿಗೆ ಹೋಗೋ ಮುಂಚೆ ನಂಗೊಂದ್ಸಲ ತೋರ್ಸು." ತೋರಿಸುತ್ತೇನೆ ಎಂದೆ.

ಯುಗಾದಿಯ ಮಾರನೆಯ ದಿನ ಸುತ್ತಮುತ್ತಲ ಹಳ್ಳಿಯವರಿಗೆ ಉಚಿತ ಶಿಬಿರ ಮಾಡಬೇಕು, ಅಷ್ಟರೊಳಗೆ ಕರಪತ್ರ ಸಿದ್ಧವಾಗಬೇಕು ಎಂದು ಪ್ರಭಾಕರ್ ಸರ್ ಹೇಳಿದ್ದರು. ನಾನು ಒಂದು ವಾರ ಕೂತು ಬರೆದೆ. ಮೊದಲ ಕರಡಿನಲ್ಲಿ ತಾತನ ಎರಡು ಸಾಲನ್ನು ಮೇಲೆಯೇ ಹಾಕಿದ್ದೆ. ಸರ್ ಓದಿ ಕನ್ನಡಕ ತೆಗೆದಿಟ್ಟು, "ಇದನ್ನ ಓದಿದ್ಮೇಲೆ ಕಾಯಿಲೆಯವರು ನಮ್ಮಲ್ಲಿಗ್ಯಾಕೆ ಬರ್ತಾರೆ?" ಅಂದರು. ಅಷ್ಟೇ. ತೆಗೆಯಿರಿ ಅನ್ನಲಿಲ್ಲ. ತೆಗೆದದ್ದು ನಾನು.

ತೆಗೆದು ಸುಮ್ಮನಿದ್ದಿದ್ದರೆ ಅಷ್ಟಕ್ಕೇ ಹೋಗುತ್ತಿತ್ತೇನೋ. ಪುಸ್ತಕದಲ್ಲಿ ಮೆಂತ್ಯದ ಬಗ್ಗೆ ಇದ್ದದ್ದು ಒಂದು ಸಾಲು: ಹುರಿದು ಪುಡಿ ಮಾಡಿ ಮಜ್ಜಿಗೆಯಲ್ಲಿ ಕುಡಿದರೆ ಹಸಿವು ಚೆನ್ನಾಗಿ ಆಗುತ್ತದೆ ಎಂದು. ಅದನ್ನು ನಾನು ಬೆಳೆಸಿದೆ. ಮೆಂತ್ಯದ ಪುಡಿ, ರಾಗಿ ಗಂಜಿ, ಬೆಳಗಿನ ನಡಿಗೆ, ನಲವತ್ತೆಂಟು ದಿನದ ಒಂದು ಮಂಡಲ, ಸಕ್ಕರೆ ಕಾಯಿಲೆ ದೂರ. ಕೆಳಗೆ "ಮೂರು ತಲೆಮಾರಿನ ಪುಸ್ತಕದಿಂದ" ಎಂದು ಬರೆದು ಮೇಷ್ಟ್ರ ಹೆಸರು, ಜಗಲಿಯ ಮೇಲೆ ಕೂತ ಅವರ ಫೋಟೊ. ತಲೆಬರಹಕ್ಕೆ ಎರಡು ದಿನ ಒದ್ದಾಡಿ ಕೊನೆಗೆ ಹೊಳೆದದ್ದು "ಮಾತ್ರೆಯ ಹಂಗಿಲ್ಲದ ಬದುಕು". ಆ ಮೂರು ಪದ ಹೊಳೆದಾಗ ಆದ ಖುಷಿ ನನಗೆ ಇವತ್ತಿಗೂ ನೆನಪಿದೆ. ಅಷ್ಟು ನೆನಪಿರುವುದಕ್ಕೇ ನಾಚಿಕೆಯಾಗುತ್ತದೆ. ಅದನ್ನು ಮನೆಯಲ್ಲಿ ಗಟ್ಟಿಯಾಗಿ ಓದಿ ಅಮ್ಮನಿಗೆ ಕೇಳಿಸಿದ್ದೆ.

ಅಷ್ಟರಲ್ಲಿ ಮೇಷ್ಟ್ರು, ಅವರ ಹೆಂಡತಿ ಲಕ್ಷ್ಮೀದೇವಮ್ಮ ಇಬ್ಬರೂ ಮೊಮ್ಮಗಳ ಬಾಣಂತನಕ್ಕೆ ನಂದಗುಡಿಯ ಮಗಳ ಮನೆಗೆ ಹೋದರು. ಎರಡು ತಿಂಗಳು ಬರುವುದಿಲ್ಲ ಎಂದರು. ನಂದಗುಡಿಯೇನು ದೂರವಲ್ಲ. ಹೊಸಕೋಟೆಗೆ ಹೋಗಿ ಬಸ್ಸು ಬದಲಾಯಿಸಿದರೆ ಅರ್ಧ ದಿನದಲ್ಲಿ ತೋರಿಸಿ ಬರಬಹುದಿತ್ತು. ಅವರು ಊರಲ್ಲಿಲ್ಲ ಎಂದು ಗೊತ್ತಾದಾಗ ನನಗೆ ಸಮಾಧಾನವೇ ಆಯಿತು.

ಆರೋಗ್ಯಧಾಮದ ಅಡುಗೆಗೆ ನಮ್ಮ ಪಕ್ಕದ ಮನೆಯ ಯಶೋದಕ್ಕ ಬರುತ್ತಿದ್ದಳು. ಸಮೇತನಹಳ್ಳಿಯಿಂದ ನಮ್ಮೂರಿಗೆ ಸೊಸೆಯಾಗಿ ಬಂದವಳು. ಮಕ್ಕಳಿರಲಿಲ್ಲ. ನಾನು ಹೈಸ್ಕೂಲಿಗೆ ಹೋಗುವಷ್ಟು ದಿನವೂ ನನಗೆ ಜಡೆ ಹಾಕಿದವಳು ಅವಳೇ. ಎರಡು ವರ್ಷದ ಹಿಂದೆ ಅವಳಿಗೆ ಸಕ್ಕರೆ ಕಾಯಿಲೆ ಇದೆಯೆಂದು ಗೊತ್ತಾಗಿ, ಮೇಷ್ಟ್ರೇ ಅವಳನ್ನು ದೇವನಹಳ್ಳಿಯ ಆಸ್ಪತ್ರೆಗೆ ಕರೆದುಕೊಂಡು ಹೋಗಿ ಮಾತ್ರೆ ಶುರು ಮಾಡಿಸಿದ್ದರು.

ಶಿಬಿರದ ಮಾರನೆಯ ದಿನ ಪ್ರಭಾಕರ್ ಸರ್ ಪೇಟೆಯಿಂದ ಬಂದ ನಾಲ್ಕೈದು ಜನರಿಗೆ ಅಡುಗೆಮನೆ ತೋರಿಸುತ್ತಿದ್ದರು. ಯಶೋದಕ್ಕ ಮೆಂತ್ಯ ಹುರಿಯುತ್ತಿದ್ದಳು. ನನ್ನನ್ನು ಕಂಡು ಸೊಂಟದಲ್ಲಿ ಸಿಕ್ಕಿಸಿಕೊಂಡಿದ್ದ ಕರಪತ್ರ ತೆಗೆದಳು.

"ಗಾಯಿತ್ರಿ, ಇದ್ರಲ್ಲಿ ಮಾತ್ರೆಯ ಹಂಗಿಲ್ಲದ ಅಂತ ಇದ್ಯಲ್ಲೇ. ಅಂದ್ರೆ ಮಾತ್ರೆ ಬಿಟ್ಬಿಡಬಹುದು ಅಂತ್ಲಾ?"

ಪೇಟೆಯವರು ತಿರುಗಿ ನೋಡಿದರು. ಪ್ರಭಾಕರ್ ಸರ್ ನನ್ನ ಮುಖ ನೋಡಿ ಸಣ್ಣಗೆ ನಕ್ಕರು. ಇಲ್ಲ ಅಕ್ಕ, ನಿನ್ನ ಮಾತ್ರೆ ಬಿಡಬೇಡ, ಮೊದಲು ಡಾಕ್ಟರನ್ನು ಕೇಳು ಎನ್ನಬೇಕಿತ್ತು. ಹಾಗಂದರೆ ನಾನು ಬರೆದದ್ದು ಸುಳ್ಳೆಂದು ಅವರೆಲ್ಲರ ಮುಂದೆ ನಾನೇ ಒಪ್ಪಿಕೊಂಡ ಹಾಗಾಗುತ್ತಿತ್ತು.

"ಹೂಂ ಅಕ್ಕ" ಅಂದೆ.

"ಮೇಷ್ಟ್ರೇ ಹೇಳಿರೋದಾ?"

"ಅವರ ಪುಸ್ತಕದ್ದೇ."

"ಅಂಗಾದ್ರೆ ಸರಿ ಬಿಡು. ತಿಂಗ್ಳು ತಿಂಗ್ಳು ಕೆಲಸ ಬಿಟ್ಟು ದೇವನಳ್ಳಿಗೆ ಓಡೋದು ತಪ್ತು" ಎಂದು ಅವಳು ಕರಪತ್ರವನ್ನು ಮಡಚಿ ಮತ್ತೆ ಸೊಂಟಕ್ಕೆ ಸಿಕ್ಕಿಸಿಕೊಂಡಳು.

ಆ ದಿನ ಸಾಯಂಕಾಲ ನಾವಿಬ್ಬರೂ ಒಟ್ಟಿಗೇ ಏರಿಯ ಮೇಲೆ ನಡೆದು ಮನೆಗೆ ಬಂದೆವು. ಆಗ ಯಾರೂ ಜೊತೆಗಿರಲಿಲ್ಲ. ಹೇಳಬಹುದಿತ್ತು. ಅವಳು ತನ್ನ ತವರಿನ ಕಡೆಯ ಮದುವೆಯೊಂದರ ಕಥೆ ಹೇಳುತ್ತಿದ್ದಳು, ನಾನು ನಗುತ್ತ ಕೇಳಿಸಿಕೊಂಡು ಬಂದೆ.

ಆ ವರ್ಷ ಬಿಸಿಲು ಜೋರಾಗಿತ್ತು. ಕೆರೆಯ ನೀರು ಮಧ್ಯಕ್ಕೆ ಸರಿದು, ಅಂಚಿನ ಮಣ್ಣು ಬಿರಿದು ಹೆಂಚಿನ ಚೂರುಗಳ ಹಾಗೆ ಎದ್ದಿತ್ತು. ಯಶೋದಕ್ಕ ಮಾತ್ರೆ ಬಿಟ್ಟಳು. ಮೆಂತ್ಯದ ಪುಡಿ ತಪ್ಪಿಸಲಿಲ್ಲ, ಗಂಜಿ ತಪ್ಪಿಸಲಿಲ್ಲ, ನಡಿಗೆ ತಪ್ಪಿಸಲಿಲ್ಲ. ಒಂದು ತಿಂಗಳಲ್ಲಿ ಮೈ ಇಳಿಯಿತು. ರವಿಕೆಗಳನ್ನೆಲ್ಲ ಬಿಗಿ ಮಾಡಿ ಹೊಲಿದುಕೊಂಡಳು. ಪ್ರಭಾಕರ್ ಸರ್ ಅವಳನ್ನು ಅತಿಥಿಗಳ ಮುಂದೆ ನಿಲ್ಲಿಸಿ ಪರಿಚಯ ಮಾಡಿಸಿದರು. "ಎಷ್ಟು ಹಗುರವಾಗಿದೀನಿ ನೋಡಿ ಸಾ" ಎಂದು ಅವಳು ನಾಚಿಕೊಂಡು ಹೇಳಿದ್ದನ್ನು ನಾನು ಚೆಂದ ಮಾಡಿ ಬರೆದು ನೋಟಿಸ್ ಬೋರ್ಡಿಗೆ ಅಂಟಿಸಿದೆ. ಅವಳು ಚೊಂಬುಗಟ್ಟಲೆ ನೀರು ಕುಡಿಯುತ್ತಿದ್ದಳು, ಗಳಿಗೆಗೊಮ್ಮೆ ಎದ್ದು ಹಿತ್ತಲಿಗೆ ಹೋಗುತ್ತಿದ್ದಳು. ಬೇಸಿಗೆಯಲ್ಲವೇ ಎಂದುಕೊಂಡೆವು. ಕಾಯಿಲೆ ಕೆರಳಿದರೆ ಮೈ ಹಾಗೆ ಇಳಿಯುತ್ತದೆ, ಬಾಯಾರಿಕೆ ಹಾಗೆ ಆಗುತ್ತದೆ ಎಂದು ನನಗೆ ತಿಳಿದದ್ದು ಆಮೇಲೆ.

ಒಂದು ಬೆಳಗ್ಗೆ ಕುದಿಯುವ ಗಂಜಿಯ ಪಾತ್ರೆ ಇಳಿಸುವಾಗ ಅವಳ ಬಲಗಾಲಿನ ಮೇಲೆ ಚೆಲ್ಲಿತು. ಅರಿಶಿನ, ಬೆಣ್ಣೆ ಹಚ್ಚಿ ಬಟ್ಟೆ ಕಟ್ಟಿಕೊಂಡು ಅವಳು ಮಧ್ಯಾಹ್ನದ ಅಡುಗೆಯನ್ನೂ ಮಾಡಿದಳು.

"ಉರಿಯಲ್ವಾ ಅಕ್ಕ?" ಎಂದು ಕೇಳಿದೆ.

"ಏನೂ ಇಲ್ಲ ಕಣೆ. ಗೊತ್ತೇ ಆಗ್ತಿಲ್ಲ."

ಅದೇ ವಾರ ವಿಮಾನ ನಿಲ್ದಾಣ ಶುರುವಾಯಿತು. ಊರಿಗೆ ಊರೇ ಕೆರೆ ಏರಿಯ ಮೇಲೆ ನಿಂತು, ವಿಮಾನ ಗಾಲಿ ಚಾಚಿಕೊಂಡು ಇಳಿಯುವುದನ್ನು ನೋಡಿತು. ಯಶೋದಕ್ಕ ನನ್ನ ಪಕ್ಕದಲ್ಲೇ ನಿಂತು, ವಿಮಾನ ಬಂದಾಗಲೆಲ್ಲ ಸೆರಗನ್ನು ಹಣೆಗೆ ಅಡ್ಡ ಹಿಡಿಯುತ್ತಿದ್ದಳು. ಅವಳ ಕಾಲಿನ ಬಟ್ಟೆಯಿಂದ ಒಂದು ಕೆಟ್ಟ ವಾಸನೆ ಬರುತ್ತಿತ್ತು. ನಾನು ಬಗ್ಗಿ ನೋಡಿದೆ. ಬಟ್ಟೆ ಒದ್ದೆಯಾಗಿತ್ತು, ಬೆರಳುಗಳು ಕಪ್ಪಿಟ್ಟಿದ್ದವು. ಹೆದರಿಕೆಯಾಯಿತು. ಆಸ್ಪತ್ರೆಗೆ ತೋರಿಸು ಅಕ್ಕ ಎಂದೆ, ಆದರೆ ಯಾಕೆ ಎಂದು ಹೇಳಲಿಲ್ಲ. "ನೋವೇ ಇಲ್ವಲ್ಲೇ" ಎಂದಳು ಅವಳು.

ನಾಲ್ಕನೆಯ ದಿನ ಮೈ ಕೆಂಡದಂಥ ಜ್ವರ. ದೇವನಹಳ್ಳಿಯಲ್ಲಿ ನೋಡಿದವರು ಕೂಡಲೇ ಬೆಂಗಳೂರಿನ ದೊಡ್ಡಾಸ್ಪತ್ರೆಗೆ ಕಳಿಸಿದರು. ಅವಳ ಗಂಡ ಕೃಷ್ಣಪ್ಪಣ್ಣ, ಅಮ್ಮ, ನಾನು ಮೂವರೂ ಜೊತೆಗೆ ಹೋದೆವು. ಡಾಕ್ಟರು ಕಾಲು ನೋಡಿ ಮೊದಲು ಕೇಳಿದ್ದೇ, "ಮಾತ್ರೆ ಯಾವಾಗ ಬಿಟ್ರಿ? ಯಾರು ಬಿಡಿ ಅಂದ್ರು?" ಎಂದು.

ಕೃಷ್ಣಪ್ಪಣ್ಣ ಅಂಗಿಯ ಜೇಬಿನಿಂದ ಕರಪತ್ರ ತೆಗೆದು ಕೊಟ್ಟರು. ಡಾಕ್ಟರು ಓದಿ ಫೋಟೊದ ಮೇಲೆ ಬೆರಳಿಟ್ಟರು. "ಯಾರಿದು?"

"ನಮ್ಮೂರ ಮೇಷ್ಟ್ರು ಸಾ."

ನಾನು ಅವರಿಂದ ಎರಡು ಮಾರು ದೂರದಲ್ಲಿದ್ದೆ. ಬರೆದದ್ದು ನಾನು ಎನ್ನದೆ ಗೋಡೆಯ ಮೇಲಿನ ಬೋರ್ಡು ಓದುತ್ತ ನಿಂತೆ. ಮಾರನೆಯ ದಿನ ಯಶೋದಕ್ಕನ ಬಲ ಪಾದದ ಅರ್ಧಭಾಗ ತೆಗೆದರು.

ಮೇಷ್ಟ್ರು ನಂದಗುಡಿಯಿಂದ ವಾಪಸು ಬಂದ ದಿನವೇ ಕೃಷ್ಣಪ್ಪಣ್ಣ ಅವರ ಮನೆಗೆ ಹೋದರು. ಬೀದಿಯ ಹತ್ತಿಪ್ಪತ್ತು ಜನ ಹಿಂದೆ ಹೋದರು. ಅಮ್ಮನ ಜೊತೆ ನಾನೂ ಹೋದೆ. ಮಳೆ ಹಿಡಿಯುವ ಮುಂಚಿನ ಸೆಕೆ, ಜಗಲಿಯ ಮೇಲೆ ಮಗಳ ಮನೆಯಿಂದ ತಂದ ಚೀಲಗಳನ್ನು ಇನ್ನೂ ಒಳಗೆ ಇಟ್ಟಿರಲಿಲ್ಲ.

"ನಿಮ್ಮನ್ನ ದೇವರು ಅಂತಿದ್ವಲ್ಲ ಮೇಷ್ಟ್ರೆ. ಮಾತ್ರೆ ಕೊಡಿಸ್ದೋರೂ ನೀವೇ, ಬಿಡಿಸ್ದೋರೂ ನೀವೇ. ಈಗ ಅವಳ ಕಾಲು ಕೊಡಿ" ಎಂದು ಕೃಷ್ಣಪ್ಪಣ್ಣ ಕರಪತ್ರವನ್ನು ಅವರ ಮುಂದೆ ಹಾಕಿದರು.

ಮೇಷ್ಟ್ರು ಅದನ್ನು ಅಲ್ಲಿಯವರೆಗೆ ನೋಡಿರಲಿಲ್ಲ. ಕನ್ನಡಕ ಹಾಕಿಕೊಂಡು ಮೇಲಿನಿಂದ ಕೆಳಗಿನವರೆಗೆ ಓದಿದರು. ಇನ್ನೊಮ್ಮೆ ಓದಿದರು. ತಲೆಯೆತ್ತಿ ಜನರ ನಡುವೆ ನನ್ನನ್ನು ಹುಡುಕಿ ನೋಡಿದರು. ಈಗ ಹೇಳುತ್ತಾರೆ ಎಂದುಕೊಂಡೆ. ಅವರು ಹೇಳಲಿಲ್ಲ. ನಾನು ಹೇಳಲಿ ಎಂದು ಅಷ್ಟು ಹೊತ್ತು ಕಾದಿದ್ದರು ಎಂದು ಈಗ ಅನ್ನಿಸುತ್ತದೆ. ನಾನು ಅಮ್ಮನ ಹಿಂದಕ್ಕೆ ಸರಿದೆ.

"ಹೆಸರು ನಂದೇ ಇದೆಯಲ್ಲಪ್ಪಾ" ಅಂದರು ಮೇಷ್ಟ್ರು, ಕಾಗದವನ್ನು ಮಡಚುತ್ತ. "ನನ್ನ ಹೆಸರು ನಂಬಿ ಅವಳು ಬಿಟ್ಟಿದಾಳೆ. ತಪ್ಪು ನಂದು."

ಲಕ್ಷ್ಮೀದೇವಮ್ಮ ಬಾಗಿಲಲ್ಲಿ ನಿಂತು ಏನೋ ಹೇಳಹೋದರು. ಮೇಷ್ಟ್ರು ಕೈಯೆತ್ತಿ ತಡೆದರು.

ಎರಡು ದಿನ ಬಿಟ್ಟು ಮೇಷ್ಟ್ರು ನಮ್ಮ ಮನೆಗೆ ಬಂದರು. ಅಮ್ಮ ಹಾಲು ಹಾಕಲು ಡೇರಿಗೆ ಹೋಗಿದ್ದಳು. ಒಳಗೆ ಬನ್ನಿ ಎಂದರೆ ಬರಲಿಲ್ಲ.

"ನನ್ನ ಪುಸ್ತಕ ಕೊಡಮ್ಮ" ಅಂದರು.

ತಂದುಕೊಟ್ಟೆ. ನಿಂತಲ್ಲೇ ರಟ್ಟು ತೆರೆದು ಮೊದಲನೆಯ ಪುಟ ನೋಡಿದರು. ಹೊಲಿಗೆಯ ಮೇಲೆ ಬೆರಳಾಡಿಸಿದರು.

"ಹರಿದಿಲ್ಲ" ಅಂದರು. "ಈ ಹಾಳೆ ಕಿತ್ತುಹೋಗಿ ನಿಂಗೆ ಕಾಣಿಸ್ಲಿಲ್ವೇನೋ ಅಂದ್ಕೊಂಡಿದ್ದೆ."

ನಾನು ಬಾಯಿಬಿಡುವುದಕ್ಕೆ ಮುಂಚೆಯೇ ಅವರು ತಿರುಗಿ ನಡೆದುಬಿಟ್ಟರು. ನಾನೇ ಓದಿ ನಕ್ಕ ಪುಟ ಅದು, ಅವರಿಗೂ ನೆನಪಿತ್ತು. ಆದರೂ ನನಗೊಂದು ನೆಪ ಸಿಗಲೆಂದು ಎರಡು ದಿನ ಹುಡುಕಿದ್ದರು.

ಇದಾದ ಮೇಲೆ ನಾನು ಆ ಕೆಲಸ ಬಿಟ್ಟೆನೆಂದು ಹೇಳಬೇಕೆನ್ನಿಸುತ್ತದೆ. ಬಿಡಲಿಲ್ಲ. ಆರೋಗ್ಯಧಾಮದವರು ಮೇಷ್ಟ್ರ ಫೋಟೊ ತೆಗೆದುಹಾಕಿದರು, ಅದು ಅವರ ಸಲಹೆ, ನಮಗೂ ಅದಕ್ಕೂ ಸಂಬಂಧವಿಲ್ಲ ಎಂದು ಪಂಚಾಯಿತಿಗೆ ಒಂದು ಕಾಗದ ಕೊಟ್ಟರು. ಆ ಕಾಗದದ ಕನ್ನಡವೂ ನನ್ನದೇ. ದಸರೆಯವರೆಗೂ ಅಲ್ಲೇ ದುಡಿದೆ. ಬಿ.ಎಡ್. ಸೀಟು ಸಿಕ್ಕಿತೆಂದು ಬಿಟ್ಟೆ, ಪಶ್ಚಾತ್ತಾಪದಿಂದಲ್ಲ. ನಂತರ ಮದುವೆ, ಹೊಸಕೋಟೆಯಲ್ಲಿ ಟೀಚರ್ ಕೆಲಸ.

ಮೇಷ್ಟ್ರ ಜಗಲಿಗೆ ಜನ ಬರುವುದು ನಿಂತುಹೋಯಿತು. ಮುಂದಿನ ವರ್ಷ ಅವರು ಮನೆ ಬಿಟ್ಟು ನಂದಗುಡಿಯ ಮಗಳ ಮನೆಗೆ ಹೋದರು. ಐದು ವರ್ಷದ ನಂತರ ಅವರು ತೀರಿಕೊಂಡ ಸುದ್ದಿ ಬಂದಾಗ ನಾನು ಪರೀಕ್ಷೆಯ ಡ್ಯೂಟಿ ಇದೆ ಎಂದೆ. ಡ್ಯೂಟಿ ಇದ್ದದ್ದು ಮಾರನೆಯ ದಿನ.

ಗೃಹಪ್ರವೇಶದಿಂದ ಬಂದ ಮೇಲೆ ಒಂದು ವಾರ ಸರಿಯಾಗಿ ಊಟ ಸೇರಲಿಲ್ಲ. ಭಾನುವಾರ ಬೂದಿಗೆರೆಗೆ ಹೋದೆ. ಯಶೋದಕ್ಕ ಈಗ ಮನೆಯ ಮುಂದೆಯೇ ಒಂದು ಪೆಟ್ಟಿಗೆ ಅಂಗಡಿ ಇಟ್ಟುಕೊಂಡಿದ್ದಾಳೆ. ದಿನಾ ಬೆಳಗ್ಗೆ ಇಂಜೆಕ್ಷನ್ ಚುಚ್ಚಿಕೊಳ್ಳುತ್ತಾಳೆ. ಮುಂದೆ ಬಟ್ಟೆ ತುಂಬಿ ಹೊಲಿದ ಬೂಟು ಹಾಕಿಕೊಂಡು ನಡೆಯುತ್ತಾಳೆ. ನನ್ನನ್ನು ಕಂಡು ಸ್ಟೂಲು ಸರಿಸಿ ಕೊಟ್ಟಳು. ನಾನು ಕೂರದೆ ನಿಂತುಕೊಂಡೇ ಎಲ್ಲ ಹೇಳಿದೆ. ಪುಸ್ತಕದ ಮೊದಲನೆಯ ಪುಟ, ನಾನು ಅದನ್ನು ಬಿಟ್ಟದ್ದು, ಮೆಂತ್ಯದ ಸಾಲನ್ನು ಬೆಳೆಸಿದ್ದು, ಮೇಷ್ಟ್ರು ತೋರಿಸು ಅಂದಿದ್ದು, ಅವಳು ಕೇಳಿದ ದಿನ ನಾನು ಹೂಂ ಅಂದದ್ದು.

ಒಬ್ಬ ಹೆಂಗಸು ಬಂದು ಬೆಂಕಿಪೊಟ್ಟಣ ಕೇಳಿದಳು, ಯಶೋದಕ್ಕ ಕೊಟ್ಟು ಕಳಿಸಿದಳು.

"ಮಾತ್ರೆ ನುಂಗ್ದೇ ಇದ್ದೋಳು ನಾನು. ಕಾಲು ಸುಟ್ಕೊಂಡು ಸುಮ್ನಿದ್ದೋಳೂ ನಾನೇ" ಎಂದಳು ಕೊನೆಗೆ. "ಕಾಲಿಲ್ದೆ ಬದುಕೋದು ರೂಢಿ ಆಗೋಯ್ತು ಬಿಡು. ಆದ್ರೆ ಕೇಳು. ಮೇಷ್ಟ್ರು ಒಂದ್ಸಲ ಹೊಸ್ಕೋಟೆ ಬಸ್‌ಸ್ಟ್ಯಾಂಡಲ್ಲಿ ನನ್ನ ನೋಡಿ ಎದ್ದು ನಿಂತ್ರು. ಅಷ್ಟು ವಯಸ್ಸಾದೋರು, ನಂಗೆ ಜಾಗ ಕೊಡೋಕೆ ಎದ್ರು. ನಾನು ಅವರ ಮುಂದೆ ನೆಲಕ್ಕೆ ಉಗಿದ್ಬಿಟ್ಟು ಬಂದೆ. ಅದನ್ನ ನನ್ನ ಕೈಲಿ ಮಾಡಿಸ್ದಲ್ಲೇ ನೀನು."

ನಾನು ಸ್ಟೂಲಿನ ಮೇಲೆ ಕೂತೆ.

"ನಂಗೆ ಹೇಳಿದ್ರೆ ಮುಗೀಲಿಲ್ಲ. ಲಕ್ಷ್ಮೀದೇವಮ್ಮ ಇನ್ನೂ ಇದ್ದಾರೆ. ನಡಿ, ನಾನೂ ಬರ್ತೀನಿ" ಎಂದು ಅವಳು ಅಂಗಡಿಯ ಬಾಗಿಲು ಎಳೆದಳು.

ಹೊಸಕೋಟೆಯಲ್ಲಿ ಬಸ್ಸು ಬದಲಾಯಿಸಿ ನಂದಗುಡಿಯಲ್ಲಿ ಇಳಿದಾಗ ಮಧ್ಯಾಹ್ನ ಕಳೆದಿತ್ತು. ಇಳಿಯುವಾಗ ನಾನು ಕೈ ಕೊಟ್ಟೆ, ಯಶೋದಕ್ಕ ಹಿಡಿಯಲಿಲ್ಲ. ಲಕ್ಷ್ಮೀದೇವಮ್ಮ ಮಗಳ ಮನೆಯ ಪಡಸಾಲೆಯಲ್ಲಿ ಮರಿಮಗುವಿನ ಬಟ್ಟೆ ಮಡಚುತ್ತ ಕೂತಿದ್ದರು. ಕಣ್ಣು ಮಂಜಾಗಿದೆ, ದನಿಯಿಂದಲೇ ಗುರುತು ಹಿಡಿಯುತ್ತಾರೆ. ನಾನು ಬಾಯಿ ತೆರೆಯುವ ಮೊದಲೇ ಯಶೋದಕ್ಕ ಹೇಳಿದಳು:

"ಅಮ್ಮಾ, ಬೂದಿಗೆರೆ ಯಶೋದ. ತಪ್ಪಾಯ್ತು ಅಂತ ಹೇಳೋಕೆ ಇಬ್ರು ಬಂದಿದೀವಿ."

ನಾನು ಎರಡನೆಯ ಸಲ ಎಲ್ಲವನ್ನೂ ಹೇಳಿದೆ. ಎರಡನೆಯ ಸಲ ಸುಲಭವಾದೀತೆಂದುಕೊಂಡಿದ್ದೆ, ಆಗಲಿಲ್ಲ. ಲಕ್ಷ್ಮೀದೇವಮ್ಮ ಬಟ್ಟೆ ಮಡಚುವುದನ್ನು ನಿಲ್ಲಿಸದೆ ಕೇಳಿಸಿಕೊಂಡರು. ಯಶೋದಕ್ಕನ ಕೈ ಹುಡುಕಿ ಹಿಡಿದು ಪಕ್ಕಕ್ಕೆ ಕೂರಿಸಿಕೊಂಡರು. ಆಮೇಲೆ ನನ್ನ ಕಡೆ ಮುಖ ತಿರುಗಿಸಿದರು.

"ಅವರು ನಂಗೆ ಅವತ್ತೇ ಹೇಳಿದ್ರು. ಊರಿಗೆ ಹೇಳ್ತೀನಿ ಅಂದೆ, ಬಿಡ್ಲಿಲ್ಲ. ಚಿಕ್ಕ ಹುಡುಗಿ, ತಾನೇ ಬಂದು ಹೇಳ್ತಾಳೆ, ನಾವು ಹೇಳಿದ್ರೆ ಅವಳಿಗೆ ಹೇಳೋಕೆ ಏನೂ ಉಳಿಯಲ್ಲ ಅಂದ್ರು. ನಿಂಗೆ ಹೊಸ್ಕೋಟೇಲಿ ಕೆಲಸ ಆಯ್ತು ಅಂತ ಗೊತ್ತಾದ್ಮೇಲೆ, ಭಾನುವಾರ ಆದ್ರೆ ಅಲ್ಲಿಂದ ಬಸ್ಸು ಬರೋ ಹೊತ್ಗೆ ಹೊರಗ್ಬಂದು ಕೂತ್ಕೊಳೋರು. ಒಂದು ವರ್ಷ ಕೂತ್ರು. ಆಮೇಲೆ ಒಳಗೇ ಇರ್ತಿದ್ರು."